ಕಂಪನಿಯ ಚರಿತ್ರೆಯಲ್ಲಿ ಹಸ್ತಾಂತರದ ತಾರೀಖೂ ಇರಲಿ

ಮಾನ್ಯ ಸಂಪಾದಕರೇ,

ನಮ್ಮ ಹುಬ್ಬಳ್ಳಿ–ಧಾರವಾಡ ಅವಳಿ ನಗರದ ಭೂ ಅಭಿವೃದ್ಧಿ ಕಂಪನಿಯೊಂದು ಬೆಳೆದುಬಂದ ಬಗೆಯನ್ನು ಕುರಿತು ನೀವು ಪ್ರಕಟಿಸಿದ ವಿಶೇಷ ಪುಟವನ್ನು ಪೂರ್ತಿ ಓದಿದೆ. ಸಂಸ್ಥಾಪಕರ ಫೋಟೊ, ಮೊದಲ ಬಡಾವಣೆಯ ಭೂಮಿಪೂಜೆ, ಈಗಿನ ಅಪಾರ್ಟ್‌ಮೆಂಟುಗಳ ಚಿತ್ರ ಎಲ್ಲವೂ ಇದ್ದವು. ಅವರು ಮಾಡಿದ ಬಡಾವಣೆಗಳ ರಸ್ತೆ, ಗಟಾರ, ಉದ್ಯಾನ ಮಹಾನಗರ ಪಾಲಿಕೆಗೆ ಯಾವಾಗ ಹಸ್ತಾಂತರವಾದವು ಎಂಬ ಮಾತು ಮಾತ್ರ ಎಲ್ಲೂ ಇರಲಿಲ್ಲ. ಹುಬ್ಬಳ್ಳಿಯ ಸಬ್ ರಿಜಿಸ್ಟ್ರಾರ್ ಕಚೇರಿಯ ಎದುರು ದಸ್ತಾವೇಜು ಬರೆಯುತ್ತಲೇ ಆಯುಷ್ಯ ಕಳೆದವನು ನಾನು. ಪ್ಲಾಟ್ ಮಾರಿದವರ ಚರಿತ್ರೆಯಲ್ಲಿ ಕೊಂಡವರಿಗೆ ಬೇಕಾದದ್ದು ಆ ತಾರೀಖೇ.

ಈ ಭಾಗದ ಡೆವಲಪರ್‌ಗಳ ಹಳೆಯ ಕಥೆ ಕಂಪನಿಯ ಹೆಸರಿನಲ್ಲಿ ಹುಡುಕಿದರೆ ಸಿಗುವುದಿಲ್ಲ. ಕಾರಣ ಕಾಯ್ದೆಯಲ್ಲೇ ಇದೆ. ಧಾರವಾಡ ಜಿಲ್ಲೆ 1956ರವರೆಗೆ ಮುಂಬೈ ಪ್ರಾಂತ್ಯದಲ್ಲಿತ್ತು. ಹೊಲವನ್ನು ಬಿನ್‌ಶೇತ್ಕಿ (ಕೃಷಿಯೇತರ, ಅಂದರೆ ಎನ್‌.ಎ.) ಮಾಡಿಸುವ ಪದ್ಧತಿ 1879ರ ಮುಂಬೈ ಭೂಕಂದಾಯ ಸಂಹಿತೆಯಿಂದ ಬಂದದ್ದು. ಮುಂದೆ ಅದೇ 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 95ನೇ ಕಲಮಾಯಿತು. ಜನ ಇವತ್ತಿಗೂ ಮೊದಲು ಕೇಳುವುದು, ‘ಎನ್‌.ಎ. ಆಗೇತೇನ್ರಿ?’ ಅಂತಲೇ. 1974ರಲ್ಲಿ ಭೂಸುಧಾರಣಾ ಕಾಯ್ದೆಗೆ 79ಎ, 79ಬಿ ಕಲಮುಗಳು ಸೇರಿದ ಮೇಲೆ ಕಂಪನಿಗಳು ಸಾಗುವಳಿ ಜಮೀನು ಇಟ್ಟುಕೊಳ್ಳುವಂತಿರಲಿಲ್ಲ. 2020ರಲ್ಲಿ ಆ ಕಲಮುಗಳನ್ನು ತೆಗೆಯುವವರೆಗೂ ಇದೇ ಸ್ಥಿತಿ. ಹಾಗಾಗಿ ರೈತನ ಹೆಸರಿನಲ್ಲೇ ಉತಾರ (ಪಹಣಿ) ಇಟ್ಟು, ಅವನಿಂದ ಸಂಚಕಾರ ಪತ್ರ (ಮಾರಾಟದ ಕರಾರು) ಮತ್ತು ಅವನ ಪರವಾಗಿ ಸಹಿ ಮಾಡುವ ಅಧಿಕಾರದ ಮುಖತ್ಯಾರ ಪತ್ರ ಬರೆಸಿಕೊಂಡು ಕೆಲಸ ಶುರುಮಾಡುತ್ತಿದ್ದರು. ಅಂಥ ಖರೀದಿ ಪತ್ರಗಳನ್ನು ನಾನೇ ಬರೆದಿದ್ದೇನೆ. ಬರೆದುಕೊಡುವವರ ಪಟ್ಟಿಯಲ್ಲಿ ರೈತ, ಅವನ ಅಣ್ಣತಮ್ಮಂದಿರು, ಲಗ್ನವಾಗಿ ಬೇರೆ ಊರಿಗೆ ಹೋದ ಅಕ್ಕತಂಗಿಯರು. ಎಲ್ಲರ ಪರವಾಗಿ ಕಡೆಗೆ ಒಂದು ಸಹಿ, ಡೆವಲಪರ್‌ನದು. ಚಹಾದಂಗಡಿಯ ಬೆಂಚಿನ ಮೇಲೆ ಕುಳಿತ ಮುದುಕಿಯೊಬ್ಬಳು ಹೆಬ್ಬೆರಳಿನ ಮಸಿಯನ್ನು ಸೆರಗಿಗೆ ಒರೆಸಿಕೊಳ್ಳುತ್ತ, ‘ಇನ್ನ ಹೊಲಕ್ಕ ಹೋಗೂದಿಲ್ಲೇನೋ ತಮ್ಮಾ’ ಎಂದು ಮಗನನ್ನು ಕೇಳಿದ್ದು ಮರೆತಿಲ್ಲ. ಆ ಹೊಲಗಳೇ ಈಗ ‘ನಗರ’, ‘ಲೇಔಟ್’, ‘ಎನ್‌ಕ್ಲೇವ್’ ಆಗಿವೆ. ಕಂಪನಿಗಳ ಚರಿತ್ರೆಯಲ್ಲಿ ಆ ರೈತ ಮನೆತನಗಳ ಹೆಸರೂ ಬರಬೇಕು.

1962ರಲ್ಲಿ ಎರಡೂ ಊರು ಸೇರಿ ಒಂದೇ ಪಾಲಿಕೆಯಾದಾಗ ನಡುವೆ ಇದ್ದದ್ದು ಬಹುತೇಕ ಹೊಲಗಳೇ. 2003ರಲ್ಲಿ ನೈರುತ್ಯ ರೈಲ್ವೆ ವಲಯ, 2008ರಲ್ಲಿ ಧಾರವಾಡಕ್ಕೆ ಹೈಕೋರ್ಟ್ ಪೀಠ, 2016ರಲ್ಲಿ ಐಐಟಿ ಬಂದವು. ಪ್ರತಿ ಸಲ ನಮ್ಮ ಕಚೇರಿಯ ಮುಂದಿನ ಸಾಲು ಉದ್ದವಾಯಿತು. ಸಾಲಿನಲ್ಲಿ ನಿಂತವರು ರೈಲ್ವೆ ವರ್ಕ್‌ಶಾಪಿನಿಂದ ನಿವೃತ್ತರಾದವರು, ಕನ್ನಡ ಶಾಲೆಯ ಮಾಸ್ತರರು, ಬಸ್ ಡ್ರೈವರುಗಳು. ಪಿ.ಎಫ್. ಹಣ, ಹೆಂಡತಿಯ ಬಂಗಾರ ಅಡವಿಟ್ಟ ಹಣ ತಂದವರು. ಅವರು ಉತಾರ ನೋಡುತ್ತಿದ್ದರು, ಎನ್‌.ಎ. ಆದೇಶ ನೋಡುತ್ತಿದ್ದರು. ನಕ್ಷೆಯಲ್ಲಿ ಹಸಿರು ಬಣ್ಣ ಹಚ್ಚಿದ ಉದ್ಯಾನ ಯಾರ ಹೆಸರಿನಲ್ಲಿ ಉಳಿಯುತ್ತದೆ ಎಂದು ಕೇಳಬೇಕೆಂದು ಅವರಿಗೆ ಹೇಳಿಕೊಟ್ಟವರಿರಲಿಲ್ಲ.

ನನ್ನ ಮಗಳ ಮನೆ ಗದಗ ರಸ್ತೆಯ ಕಡೆಯ ಒಂದು ಬಡಾವಣೆಯಲ್ಲಿದೆ. ಅದು ಅಪ್ಪಟ ಎರಿ (ಕಪ್ಪು ಮಣ್ಣಿನ) ಭೂಮಿ. ಕೆಳಗಿನ ಗಟ್ಟಿ ಗರಸು ಮಣ್ಣು ಸಿಗುವವರೆಗೆ ಅಗೆದು ಬುನಾದಿ ಹಾಕಿದ ಮನೆಗಳು ನಿಂತಿವೆ, ಆದರೆ ಗರಸು ಸರಿಯಾಗಿ ಹಾಸದ ರಸ್ತೆ ಮಳೆಗಾಲದಲ್ಲಿ ಉಬ್ಬಿ, ಬೇಸಿಗೆಯಲ್ಲಿ ಬಿರುಕು ಬಿಟ್ಟು, ಮ್ಯಾನ್‌ಹೋಲಿನ ಮುಚ್ಚಳ ಗೇಣು ಮೇಲೆದ್ದಿದೆ. ಗಟಾರದ ನೀರು ಹೋಗುವ ದಾರಿ ಕಡೆಯ ಪ್ಲಾಟಿನ ಹತ್ತಿರ ಮುಗಿದೇ ಹೋಗುತ್ತದೆ; ಮುಂದೆ ಬೇರೆಯವರ ಹೊಲ. ಬೀದಿಕಂಬಗಳಿವೆ, ದೀಪವಿಲ್ಲ. ನಕ್ಷೆಯ ಉದ್ಯಾನದಲ್ಲಿ ಜಾಲಿ ಬೆಳೆದಿದೆ. ಕುಡಿಯುವ ನೀರಿಗೆ ಬೋರು ಮತ್ತು ಟ್ಯಾಂಕರೇ ಗತಿ. ಕೇಳಲು ಹೋದಲ್ಲೆಲ್ಲ ಒಂದೇ ಉತ್ತರ: ಬಡಾವಣೆ ಇನ್ನೂ ಹಸ್ತಾಂತರವಾಗಿಲ್ಲ. ಮಾರಿದವರನ್ನು ಹುಡುಕಿದರೆ ಆ ಪಾಲುದಾರಿಕೆ ಸಂಸ್ಥೆ ಬರ್ಖಾಸ್ತಾಗಿದೆ. ಅದರ ಪಾಲುದಾರರೇ ಈಗ ಇನ್ನೊಂದು ಹೆಸರಿನಲ್ಲಿ, ಇನ್ನೊಂದು ರಸ್ತೆಯಲ್ಲಿ ಹೊಸ ಬಡಾವಣೆ ಮಾಡುತ್ತಿದ್ದಾರೆ. ಇದನ್ನು ಬರೆಯುವಾಗ ನನಗೆ ಸಿಟ್ಟು ಬರುತ್ತದೆ, ಯಾಕೆಂದರೆ ಇಂಥ ಸಂಸ್ಥೆಗಳು ಹುಟ್ಟುವ ಪತ್ರ, ಮುಗಿಯುವ ಪತ್ರ ಎರಡೂ ನಮ್ಮಂಥವರ ಮೇಜಿನ ಮೇಲೆಯೇ ತಯಾರಾಗುತ್ತವೆ.

ಎಲ್ಲರೂ ಹೀಗಲ್ಲ. ಮೊದಲು ಒಳಚರಂಡಿ, ಆಮೇಲೆ ರಸ್ತೆ, ಕಡೆಗೆ ಪ್ಲಾಟ್ ಮಾರಾಟ ಎಂದು ಹಟ ಹಿಡಿದು ಕೆಲಸ ಮಾಡಿದವರನ್ನೂ ಹತ್ತಿರದಿಂದ ಬಲ್ಲೆ. ಅವರ ಬಡಾವಣೆಗಳಲ್ಲಿ ಬೇವಿನ ಗಿಡಗಳು ಮನೆಗಳಿಗಿಂತ ಮೊದಲು ಬೆಳೆದಿವೆ. ದಾಖಲೆ ಬಹಿರಂಗವಾದರೆ ಮೊದಲು ಹೆಸರು ಬರುವುದು ಅವರಿಗೇ.

ರಿಯಲ್ ಎಸ್ಟೇಟ್ ವ್ಯವಹಾರ ನಿಯಂತ್ರಿಸುವ 2016ರ ರೇರಾ ಕಾಯ್ದೆಯ 4ನೇ ಕಲಂ ಪ್ರಕಾರ ಯೋಜನೆಯ ನೋಂದಣಿಗೆ ಬಂದ ಪ್ರವರ್ತಕರು (ಡೆವಲಪರ್‌ಗಳು) ಹಿಂದಿನ 5 ವರ್ಷಗಳ ತಮ್ಮ ಯೋಜನೆಗಳು, ಆದ ವಿಳಂಬ, ನಡೆಯುತ್ತಿರುವ ಪ್ರಕರಣಗಳ ವಿವರ ಕೊಡಬೇಕು. ಕೊಂಡವರಿಂದ ಬಂದ ಹಣದ ಶೇ 70 ಭಾಗವನ್ನು ಆ ಯೋಜನೆಯದೇ ಪ್ರತ್ಯೇಕ ಖಾತೆಯಲ್ಲಿಡಬೇಕು. ಒಳ್ಳೆಯ ಕಾಯ್ದೆ. ಆದರೆ ನಮ್ಮಲ್ಲಿ ಬಡಾವಣೆಯ ಗೋಳು ಆಚೆ ಬರುವುದೇ 5 ವರ್ಷ ಕಳೆದ ಮೇಲೆ, ಪ್ಲಾಟುಗಳಲ್ಲಿ ಮನೆ ಎದ್ದ ಮೇಲೆ. 2019ರ ಮಾರ್ಚ್ 19ರಂದು ಧಾರವಾಡದ ಕುಮಾರೇಶ್ವರ ನಗರದಲ್ಲಿ ನಿರ್ಮಾಣ ಹಂತದ ಕಟ್ಟಡ ಕುಸಿದು 19 ಜನ ಪ್ರಾಣ ಕಳೆದುಕೊಂಡಾಗ ಪಾಲುದಾರರು ಯಾರು ಎಂದು ನನ್ನ ಹತ್ತಿರವೇ ಎಷ್ಟೋ ಜನ ಕೇಳಿದರು. ಆ ಪ್ರಶ್ನೆಗೆ ಉತ್ತರ ಕಟ್ಟಡ ಏಳುವ ಮೊದಲೇ ಜನರ ಕೈಯಲ್ಲಿರಬೇಕು.

ಹುಬ್ಬಳ್ಳಿ–ಧಾರವಾಡ ನಗರಾಭಿವೃದ್ಧಿ ಪ್ರಾಧಿಕಾರ ಮತ್ತು ಪಾಲಿಕೆ ಸೇರಿ ಪ್ರತಿ ಬಡಾವಣೆಗೆ ಒಂದು ಪುಟದ ದಾಖಲೆ ಪ್ರಕಟಿಸಲಿ. ರಿ.ಸ. (ರಿವಿಜನ್ ಸರ್ವೆ) ನಂಬರು, ಅನುಮೋದನೆಯ ತಾರೀಖು, ಸಂಸ್ಥೆಯ ಹೆಸರಿನ ಜೊತೆಗೆ ಎಲ್ಲ ಪಾಲುದಾರರ ಹೆಸರು, ರಸ್ತೆ ಮತ್ತು ಉದ್ಯಾನ ಬಿಟ್ಟುಕೊಟ್ಟ ಪತ್ರದ ನೋಂದಣಿ ಸಂಖ್ಯೆ, ಹಸ್ತಾಂತರವಾದ ದಿನ ಇಷ್ಟಿದ್ದರೆ ಸಾಕು. ಇದಕ್ಕೆ ಹೊಸ ಸರ್ವೆ ಬೇಕಿಲ್ಲ. ಜಮೀನು, ಪ್ಲಾಟುಗಳ ನೋಂದಣಿಯಾದ ಖರೀದಿ ಪತ್ರ, ಬಿಟ್ಟುಕೊಟ್ಟ ಪತ್ರಗಳು ಸಬ್ ರಿಜಿಸ್ಟ್ರಾರ್ ಕಚೇರಿಯ 1ನೇ ಪುಸ್ತಕದಲ್ಲಿವೆ. ಶುಲ್ಕ ಕಟ್ಟಿದರೆ ಯಾರಿಗಾದರೂ ದೃಢೀಕೃತ ನಕಲು ಸಿಗುತ್ತದೆ. ನಿಮ್ಮ ಪತ್ರಿಕೆ ಇನ್ನು ಮುಂದೆ ಯಾವುದೇ ಡೆವಲಪರ್ ಕಂಪನಿಯ ವಿಶೇಷ ಪುಟ ಮಾಡುವ ಮೊದಲು ಆ ನಕಲುಗಳನ್ನು ತೆಗೆಸಿ ನೋಡಬೇಕೆಂದು ಕೇಳಿಕೊಳ್ಳುತ್ತೇನೆ. ಹಳೆಯ ಕೈಬರಹದ ಪತ್ರ ಓದಲು ತೊಡಕಾದರೆ ನಿಮ್ಮ ವರದಿಗಾರರ ಜೊತೆ ಕುಳಿತು ಓದಿಕೊಡುತ್ತೇನೆ.

— ನಿವೃತ್ತ ದಸ್ತಾವೇಜು ಬರಹಗಾರ, ಹುಬ್ಬಳ್ಳಿ