ಗೋಡೆ ಮೇಲಿನ ಅಪ್ಪನಿಂದ ಗೆಳೆಯನಿಗೊಂದು ಪತ್ರ

ದೋಸ್ತ,

ಫೋನ್ ಮಾಡಿದರೆ ಎತ್ತುವುದಿಲ್ಲ. ವಾಟ್ಸಾಪ್‌ನಲ್ಲಿ ನೀಲಿ ಗೀಟು ಬೀಳುತ್ತವೆ, ಉತ್ತರ ಬರುವುದಿಲ್ಲ. ಅದಕ್ಕೇ ನಾಲ್ಕು ಮಂದಿ ಕಣ್ಣೆದುರು ಬರೆಯುತ್ತಿದ್ದೇನೆ. ಈಗಲಾದರೂ ಮರ್ಯಾದೆಗೆ ಅಂಜಿ ಬಾಯಿ ಬಿಡುತ್ತೀಯಾ ನೋಡೋಣ. ಲಕ್ಷ್ಮೇಶ್ವರದ ಕುರ್ಚಿ ವಿಷಯ ಎತ್ತುವುದಿಲ್ಲ, ಹೆದರಬೇಡ. ವೈನಿಯೂ ಓದುತ್ತಾರೆ ಅಂತ ಗೊತ್ತು. ನಮಸ್ಕಾರ ವೈನಿ. ಕುರ್ಚಿ ಅಂದರೆ ಏನೂ ಇಲ್ಲ.

ನಾನು ಸತ್ತ ಸುದ್ದಿ ನಿನಗೂ ಮುಟ್ಟಿರಬೇಕು. ನಿಮ್ಮ ಮನೆಯಲ್ಲೂ ಏಳೂವರೆಗೆ ಅದೇ ಧಾರಾವಾಹಿ ಓಡುತ್ತದಲ್ಲ. ಮಗಳೆಂದರೆ ಪ್ರಾಣ ಬಿಡುವ ಅಪ್ಪ, ಮನೆ ಮೇಲೆ ಸಾಲ, ಮೇಲಿಂದ ಮೇಲೆ ಎದೆನೋವು. ಎದೆ ಹಿಡಿದುಕೊಂಡು ಎಷ್ಟು ಸಲ ಸೋಫಾ ಮೇಲೆ ಕುಸಿದಿದ್ದೇನೋ ಲೆಕ್ಕವಿಲ್ಲ. ಪ್ರತಿ ಸಲವೂ ಬದುಕಿಸಿದರು. ಕೊನೆಗೆ ನೋಡಿದರೆ ಎದೆನೋವಿನಿಂದ ಸಾಯುವ ಭಾಗ್ಯವೂ ಇಲ್ಲ. ಮಗಳಿಗೊಂದು ಫೋನ್ ಬರುತ್ತದೆ, ಅವಳ ಕೈಯಿಂದ ಮೊಬೈಲ್ ಜಾರುತ್ತದೆ, ಮೂರು ಕಡೆಯಿಂದ ಕ್ಲೋಸಪ್, ಬ್ಯಾಕ್‌ಗ್ರೌಂಡಿನಲ್ಲಿ ಢಂ ಢಂ. ರಸ್ತೆ ಅಪಘಾತವಂತೆ. ನಾನು ಸತ್ತ ದಿನ ನಾನು ಸೆಟ್ಟಿನಲ್ಲೇ ಇರಲಿಲ್ಲ. ಸಾಯುವ ಸೀನ್ ತೆಗೆಯಬೇಕೆಂದರೆ ನನಗೊಂದು ದಿನದ ಪೇಮೆಂಟ್, ಆಂಬ್ಯುಲೆನ್ಸ್ ಬಾಡಿಗೆ, ಆಸ್ಪತ್ರೆ ಲೊಕೇಶನ್. ಫೋನಿನಲ್ಲಿ ಸಾಯಿಸಿದರೆ ಖರ್ಚಿಲ್ಲ. ಸಾಯೋದಕ್ಕೂ ಕಾಲ್‌ಶೀಟ್ ಕೊಡಲಿಲ್ಲ ನೋಡು.

ಬನಶಂಕರಿ ಜಾತ್ರೆ ನೆನಪಾಯಿತು. ಬನದ ಹುಣ್ಣಿಮೆಯ ಚಳಿ, ಸಾಲಾಗಿ ನಾಟಕ ಕಂಪನಿಗಳ ಟೆಂಟು, ಪಕ್ಕದ ಕಂಪನಿಯ ಮೈಕಿನಲ್ಲಿ ಅಳುವವಳ ದನಿ ನಮ್ಮ ಕಾಮಿಡಿ ಸೀನಿನ ಮೇಲೆ. ದಿನಾ ರಾತ್ರಿ ನೀನು ನನ್ನನ್ನು ಕೊಲ್ಲುತ್ತಿದ್ದೆ. ಮಂದಿ ಜಾಸ್ತಿ ಇದ್ದರೆ ಎರಡು ಷೋ, ಎರಡು ಸಲ. ತಗಡಿನ ಕತ್ತಿ ತಾಗಿದ ಕೂಡಲೇ ಬೀಳುವ ಪೈಕಿ ನಾನಲ್ಲ. ಒಂದು ಹಾಡು ಮುಗಿಯುವಷ್ಟು ಹೊತ್ತು ತೂರಾಡುತ್ತಿದ್ದೆ. ನೀನು ಹಲ್ಲು ಕಚ್ಚಿಕೊಂಡು, "ಬೀಳಲೇ, ಚಾ ಆರಾಕತ್ತೈತಿ" ಅನ್ನುತ್ತಿದ್ದೆ. ಒನ್ಸ್ ಮೋರ್ ಬಿತ್ತೆಂದರೆ ಸತ್ತವನು ಎದ್ದು, ಧೂಳು ಜಾಡಿಸಿಕೊಂಡು, ಮತ್ತೊಂದು ಸಲ ಸಾಯಬೇಕು. ಪರದೆ ಬಿದ್ದ ಮೇಲೆ ಕೊಂದವನೂ ಸತ್ತವನೂ ಒಂದೇ ಪ್ಲೇಟಿನಲ್ಲಿ ಮಿರ್ಚಿ ತಿನ್ನುತ್ತಿದ್ದೆವು. ನಿನ್ನಷ್ಟು ಕಾಳಜಿಯಿಂದ ನನ್ನನ್ನು ಮತ್ಯಾರೂ ಕೊಂದಿಲ್ಲ. ಈಗ ಅದೇ ಕೈಯಲ್ಲಿ ಜೀವವಿಮೆ ಪಾಲಿಸಿ ಮಾರುತ್ತೀಯ.

ಈ ಸಲ ಸುದ್ದಿ ಗೊತ್ತಾಗಿದ್ದು ಹೇಗೆ ಹೇಳಲಾ? ಪ್ರೊಡಕ್ಷನ್ ಮ್ಯಾನೇಜರ್ ಮೆಸೇಜ್ ಹಾಕಿದ. "ಸರ್, ನಿಮ್ಮದೊಂದು ಒಳ್ಳೆ ಫೋಟೋ ಕಳಿಸಿ. ನಗ್ತಾ ಇರೋದು. ಸೈಜ್ ದೊಡ್ಡದಿರಲಿ." ಅಷ್ಟು ಓದಿದ್ದೇ ತಡ, ಜೊತೆಗಿದ್ದ ಹಿರಿಯ ಕಲಾವಿದರೊಬ್ಬರು ನನ್ನ ಬೆನ್ನು ತಟ್ಟಿದರು. ಅವರನ್ನು ಇಂಥ ಮೆಸೇಜಿನಿಂದ ಬಹಳ ಸಲ ಕೊಂದಿದ್ದಾರೆ. ಹಾಗಂತ ಏಕಾಏಕಿ ಆಗಿದ್ದೇನಲ್ಲ. ಗುರುವಾರ ಗುರುವಾರ ಟಿಆರ್‌ಪಿ, ಅಂದರೆ ಎಷ್ಟು ಮಂದಿ ನೋಡಿದರು ಅನ್ನುವ ನಂಬರ್, ಬರುತ್ತದೆ. ಆವತ್ತು ಸೆಟ್ಟಿನಲ್ಲಿ ಲೈಟ್‌ಬಾಯ್ ಕೂಡ ಮೆಲ್ಲಗೆ ಮಾತಾಡುತ್ತಾನೆ. ಕೆಲವು ಗುರುವಾರಗಳಿಂದ ನಂಬರ್ ಇಳಿಯುತ್ತಿತ್ತು. ನಂಬರ್ ಇಳಿದಾಗ ನಾಯಕಿಯನ್ನು ಕೊಲ್ಲಲಾಗುವುದಿಲ್ಲ. ಅತ್ತೆಯನ್ನಂತೂ ಮುಟ್ಟುವ ಹಾಗೇ ಇಲ್ಲ. ಉಳಿದವನು ಯಾರು? ಅಪ್ಪ.

ನಾನು ಅಪ್ಪ ಆದ ಕಥೆ ನಿನಗೆ ಗೊತ್ತು, ಓದುವ ಮಂದಿಗಾಗಿ ಹೇಳುತ್ತೇನೆ. ಉದಯ 1994ರಿಂದ ಇತ್ತು. 2000ದಲ್ಲಿ ಈಟಿವಿ ಬಂತು, 2006ರಲ್ಲಿ ಜೀ, ಮರುವರ್ಷ ಸುವರ್ಣ. ನಾನು ಬೆಂಗಳೂರಿಗೆ ಹೋದದ್ದು ಆ ಸುಗ್ಗಿಯಲ್ಲಿ. ಸಂಜೆಯಿಂದ ರಾತ್ರಿವರೆಗೆ ಒಂದರ ಹಿಂದೊಂದು ಧಾರಾವಾಹಿ, ಧಾರಾವಾಹಿಗೊಬ್ಬಳು ನಾಯಕಿ, ನಾಯಕಿಗೊಬ್ಬ ಅಪ್ಪ. ಊರಲ್ಲಿ ಅಷ್ಟು ಅಪ್ಪಂದಿರು ಎಲ್ಲಿದ್ದರು? ನನಗೆ ಆಗಲೇ ಮುಂದಲೆ ಖಾಲಿ. ಜುಬ್ಬಾ, ಕನ್ನಡಕ ಸ್ವಂತದ್ದೇ ಇದ್ದವು. ಮದುವೆಗೆ ಮೊದಲೇ ಅಪ್ಪನಾದೆ. ಮೊದಮೊದಲು "ಸರ್, ಮಾತಲ್ಲಿ ಹುಬ್ಬಳ್ಳಿ ಬರ್ತಿದೆ" ಅಂತ ಶಾಟ್ ನಿಲ್ಲಿಸುತ್ತಿದ್ದರು. ಮುಂದೆ ನಗು ಬೇಕಾದಾಗ, "ಸರ್, ಸ್ವಲ್ಪ ಹುಬ್ಬಳ್ಳಿ ಹಾಕಿ" ಅನ್ನತೊಡಗಿದರು. ಹಾಕಿದೆ. ಯಾಕೆ ಹಾಕಬಾರದು, ದಿನಕ್ಕಿಷ್ಟು ಅಂತ ರೊಕ್ಕ ಬರುತ್ತಿತ್ತು. 10% ಟಿಡಿಎಸ್ ಮುರಿದುಕೊಂಡು, ಶೂಟಿಂಗ್ ಮುಗಿದು ತಿಂಗಳು ಕಳೆದ ಮೇಲೆ, ಆದರೂ ಬರುತ್ತಿತ್ತು.

ಡೈಲಾಗ್ ಬಾಯಿಪಾಠ ಮಾಡುವ ಕಷ್ಟವೂ ಇರಲಿಲ್ಲ. ಕ್ಯಾಮೆರಾ ಪಕ್ಕದಲ್ಲಿ ಅಸಿಸ್ಟೆಂಟ್ ಹುಡುಗ ಸೀನ್ ಪೇಪರ್ ಹಿಡಿದು ಓದುತ್ತಾನೆ, ನಾವು ಅವನ ಹಿಂದೆ ಹಿಂದೆ ಹೇಳುತ್ತೇವೆ, ಉಳಿದದ್ದು ಡಬ್ಬಿಂಗ್‌ನಲ್ಲಿ. ಕಂಪನಿಯಲ್ಲೂ ಸೈಡ್ ವಿಂಗಿನಲ್ಲಿ ಪ್ರಾಂಪ್ಟರ್ ಇದ್ದ. ಆದರೆ ಅವನು ಬಾಯಿ ಬಿಟ್ಟರೆ ನಮಗೆ ಅವಮಾನ, ನಮ್ಮ ಮೇಷ್ಟ್ರು ಆಮೇಲೆ ಊಟಕ್ಕೆ ಕೂತಾಗಲೂ ಬೈಯುತ್ತಿದ್ದರು. ಮೊನ್ನೆ ಸುಮ್ನೆ ಕೂತಾಗ ನಮ್ಮ ಆ ಕೊನೆಯ ಸೀನಿನ ಮಾತು ಹೇಳಿ ನೋಡಿದೆ. ಒಂದಕ್ಷರ ತಪ್ಪದೆ ಬಂತು. ನಿನ್ನ ಭಾಗವೂ ಬಂತು. ಹೋದ ತಿಂಗಳು ಆಡಿದ ಡೈಲಾಗ್ ಒಂದೂ ಬರಲಿಲ್ಲ.

ಈ ಲೈನಿನಲ್ಲಿ ಹೆಸರು ಅಂಟೋದೂ ಅದೃಷ್ಟ. ಒಬ್ಬ ಚಂದ್ರು ಅವರಿಗೆ ನಾಟಕದ ಪಾತ್ರ ಅಂಟಿ ಮುಖ್ಯಮಂತ್ರಿ ಚಂದ್ರು ಆದರು. ಇನ್ನೊಬ್ಬರಿಗೆ ದೂರದರ್ಶನದ ಧಾರಾವಾಹಿ ಅಂಟಿ ಸಿಹಿಕಹಿ ಚಂದ್ರು ಆದರು. ನನ್ನನ್ನು ಹುಬ್ಬಳ್ಳಿ ಬಸ್‌ಸ್ಟ್ಯಾಂಡಿನಲ್ಲಿ ಹಿಡಿದು ನಿಲ್ಲಿಸಿದವರು, "ನೀವು ಆಕಿ ಅಪ್ಪ ಅಲ್ಲೇನ್ರಿ?" ಅನ್ನುತ್ತಾರೆ. ಆಕಿ ಯಾರು ಅಂತ ನಾನೇ ಊಹಿಸಿಕೊಳ್ಳಬೇಕು. ಸೆಲ್ಫಿ ತೆಗೆದುಕೊಂಡ ಮೇಲೆ ಹೆಸರು ಕೇಳುತ್ತಾರೆ.

ಸಿನಿಮಾ ವಿಷಯ ಬೇಡ. ಅಪ್ಸರಾ ಥಿಯೇಟರಿಗೆ ನಿಮ್ಮನ್ನೆಲ್ಲಾ ನಾನೇ ಟಿಕೆಟ್ ತೆಗೆಸಿ ಕರೆದುಕೊಂಡು ಹೋಗಿದ್ದೆ. ಎಡಿಟಿಂಗ್‌ನಲ್ಲಿ ಮುಖ ಹೋಗಿ ಬೆನ್ನು ಉಳಿದಿತ್ತು. ಬಾಲ್ಕನಿಯಿಂದ "ಬೆನ್ನು ಚಲೋ ಮಾಡ್ಯಾನಲೇ!" ಅಂತ ಕೂಗಿದವನು ನೀನೇ. 2020ರಲ್ಲಿ ಲಾಕ್‌ಡೌನ್ ಆಗಿ ಶೂಟಿಂಗ್ ನಿಂತಿತು. ಕನ್ನಡಕ್ಕೆ ಡಬ್ ಆದ ಹಿಂದಿ ಧಾರಾವಾಹಿಗಳು ಸಾಲು ಸಾಲಾಗಿ ಬಂದವು. ಡಬ್ಬಿಂಗ್ ಬೇಡ ಅಂತ ಕೂಗಿದವರ ಗುಂಪಿನಲ್ಲಿ ನಾನೂ ಇದ್ದೆ. ಆಮೇಲೆ ಒಬ್ಬ ಹಿಂದಿ ಅಪ್ಪನಿಗೆ ದನಿ ಕೊಟ್ಟು ಮನೆ ಬಾಡಿಗೆ ಕಟ್ಟಿದೆ. ಬೆನ್ನು ಆಯ್ತು, ದನಿ ಆಯ್ತು, ಈಗ ಫೋಟೋ.

ಆ ಫೋಟೋವನ್ನು ನಾನು ಕಣ್ಣಾರೆ ನೋಡಿದೆ. ಜುಬ್ಬಾಗಳು ಸೆಟ್ಟಿನ ಕಾಸ್ಟ್ಯೂಮ್ ರೂಮಿನಲ್ಲೇ ಉಳಿದಿದ್ದವು, ತರೋಣ ಅಂತ ಹೋದೆ. ಹಾಲ್‌ನಲ್ಲಿ ಆರ್ಟ್ ಡಿಪಾರ್ಟ್‌ಮೆಂಟ್ ಹುಡುಗ ಸ್ಟೂಲ್ ಹತ್ತಿ ನನ್ನನ್ನು ಮೊಳೆಗೆ ಹಾಕುತ್ತಿದ್ದ. ಬಾಯಲ್ಲಿ ಇನ್ನೊಂದು ಮೊಳೆ. ಗಂಧದ ಹಾರ ಹಳೆಯದು, ಅದಕ್ಕೂ ಮೊದಲು ಆ ಮನೆಯ ಅಜ್ಜನ ಫೋಟೋ ಮೇಲಿತ್ತು. ಹುಡುಗ ಅದರ ಧೂಳನ್ನು ತನ್ನ ಪ್ಯಾಂಟಿಗೆ ಒರೆಸಿ ನನಗೆ ಹಾಕಿದ. ಆಮೇಲೆ ತಿರುಗಿ ನೋಡಿದ. ಕೆಳಗೆ ನಿಂತವನು ನಾನು ಅಂತ ಅವನಿಗೆ ಹೊಳೆಯಲೇ ಇಲ್ಲ. ಅಥವಾ ಹೊಳೆದರೂ ಅವನ ಕೆಲಸ ಅವನಿಗೆ. "ಸರ್, ಸ್ವಲ್ಪ ನೋಡಿ ಹೇಳಿ, ನೆಟ್ಟಗಿದೆಯಾ?" ಅಂದ. ನಾನು ಎರಡು ಹೆಜ್ಜೆ ಹಿಂದೆ ಸರಿದು, ಒಂದು ಕಣ್ಣು ಮುಚ್ಚಿ ನೋಡಿ, "ಎಡಗಡೆ ಒಂದು ನೂಲು ಮೇಲೆ" ಅಂದೆ. ಮೇಲೆ ಮಾಡಿದ. ಈಗ ಸರಿಯಾಗಿದೆ ಅಂದೆ. ಜುಬ್ಬಾ ಕವರಿಗೆ ಹಾಕಿಕೊಂಡು ಬಂದೆ.

ಅದಾದ ಮೇಲೆ ನಂಬರ್ ಏರಿತು. ಮಗಳು ದಿನಾ ಫೋಟೋ ಮುಂದೆ ನಿಂತು ಅಳುತ್ತಾಳೆ, ಅತ್ತೆ ಫೋಟೋ ಕಡೆ ನೋಡಿ ಬೆಚ್ಚುತ್ತಾಳೆ, ಗಾಳಿಗೆ ದೀಪ ಆರುತ್ತದೆ, ನಾನು ನಗುತ್ತಿರುತ್ತೇನೆ. ನಾನು ಉಸಿರಾಡುತ್ತಾ ಮಾಡಿದ್ದಕ್ಕಿಂತ ಚೆನ್ನಾಗಿ ಮಾಡುತ್ತಿದೆ ಅದು. ಒನ್ ಮೋರ್ ಕೇಳುವುದಿಲ್ಲ, ಊಟ ಕೇಳುವುದಿಲ್ಲ, ಪ್ಯಾಕಪ್ ಎಷ್ಟೊತ್ತಿಗೆ ಅಂತ ಕೇಳುವುದಿಲ್ಲ.

ಗೋಲಗುಂಬಜ್ ಎಕ್ಸ್‌ಪ್ರೆಸ್ ಹತ್ತಿ ಗದಗಿಗೆ ಬಂದೆ. ಅವ್ವನಿಗೆ ಮೊದಲೇ ಫೋನಿನಲ್ಲಿ ಹೇಳಿದ್ದೆ, ಗಾಬರಿ ಆಗಬೇಡ, ಅದು ಬರೀ ಕಥೆ ಅಂತ. ಅವಳಿಗೆ ನಾನು ಇದನ್ನು ಹೇಳಿಕೊಡಬೇಕಿರಲಿಲ್ಲ. ಪುಟ್ಟರಾಜ ಗವಾಯಿಗಳ ಆಶ್ರಮದ ನಾಟಕ ಕಂಪನಿ ನೋಡಿದವಳು ಅವಳು. ಕಣ್ಣು ಕಾಣದವರು ಪಾತ್ರ ಕಟ್ಟಿ, ಆ ದುಡಿಮೆಯಲ್ಲಿ ಆಶ್ರಮದ ಒಲೆ ಉರಿದದ್ದು ಅವಳಿಗೆ ಗೊತ್ತು. ನಾಟಕ ಅಂದರೆ ಅವಳ ಲೆಕ್ಕದಲ್ಲಿ ದುಡಿಮೆ. ಹಾಗಾಗಿ ಟೀವಿಯಲ್ಲಿ ಹಾರ ಹಾಕಿದ ಮಗನನ್ನು ನೋಡಿ ಅವಳು ಕೇಳಿದ ಮೊದಲ ಪ್ರಶ್ನೆ, "ಫೋಟೋಕ್ಕ ರೊಕ್ಕ ಕೊಡತಾರೇನು?" ಇಲ್ಲ ಅಂದೆ. "ಅಡ್ಡಿಯಿಲ್ಲ ಬಿಡು, ಫೋಟೋ ಹಾಕಿದವರು ಶಾಣ್ಯಾ ಅದಾರ" ಅಂದಳು.

ಆದರೂ ಆವತ್ತು ರಾತ್ರಿ ಉಪ್ಪು, ಒಣಮೆಣಸಿನಕಾಯಿ ಹಿಡಿದು ನನಗೆ ದೃಷ್ಟಿ ತೆಗೆದಳು. ಮೆಣಸಿನಕಾಯಿ ಘಾಟಿಗೆ ಓಣಿಯೇ ಕೆಮ್ಮಿತು. ಈಗ ದಿನಾ ಏಳೂವರೆಗೆ ಟೀವಿ ಮುಂದೆ ಕೂರುತ್ತಾಳೆ. ನಾನು ಪಕ್ಕದಲ್ಲೇ ಕೂತಿರುತ್ತೇನೆ. ಕಥೆ ಏನಾದರೂ ಆಗಲಿ, ಅವಳ ಕಣ್ಣು ಗೋಡೆಯ ಆ ಮೂಲೆ ಮೇಲೆ. ಜಾಹೀರಾತು ಬಂದಾಗ ನನ್ನ ಕಡೆ ತಿರುಗಿ, "ಇವತ್ತ ಎರಡು ಸಲ ಬಂದಿದ್ದಿ ನೋಡು" ಅನ್ನುತ್ತಾಳೆ.

ಎಲ್ಲರಿಗೂ ನಾನು ಹೇಳಿರೋದು, ಅವ್ವನಿಗೆ ಆರಾಮಿಲ್ಲ, ನೋಡಿಕೊಳ್ಳೋಕೆ ಬಂದಿದ್ದೇನೆ ಅಂತ. ನಿನಗೂ ಅದೇ ಮೆಸೇಜ್ ಹಾಕಿದ್ದೆ. ಅವ್ವ ಗಟ್ಟಿಯಾಗಿದ್ದಾಳೆ ದೋಸ್ತ. ನನಗಿಂತ ಗಟ್ಟಿ. ಬೆಟಗೇರಿ ಸಂತೆಗೆ ನಡೆದು ಹೋಗಿ, ಚೀಲ ಹೊತ್ತು ನಡೆದೇ ಬರುತ್ತಾಳೆ. ಫೋಟೋ ಗೋಡೆಗೆ ಹತ್ತಿದ ಮೇಲೆ ನನಗೆ ಒಂದೂ ಕಾಲ್ ಬಂದಿಲ್ಲ. ಮೊದಲು ಒಂದು ಕಡೆ ಸತ್ತರೆ ಇನ್ನೊಂದು ಕಡೆ ಹುಟ್ಟುತ್ತಿದ್ದೆ. ಈ ಸಲ ಮ್ಯಾನೇಜರ್‌ಗಳಿಗೆ ನಾನೇ ಫೋನ್ ಮಾಡಿದೆ. "ನಿಮ್ಮ ಮುಖ ಇನ್ನೂ ಆ ಸೀರಿಯಲ್‌ನಲ್ಲಿ ಓಡ್ತಾ ಇದೆಯಲ್ಲ ಸರ್, ಅದು ಮುಗೀಲಿ" ಅಂದರು. ಗೋಡೆ ಮೇಲಿನವನು ಇಳಿಯೋವರೆಗೆ ಕೆಳಗಿನವನಿಗೆ ಕೆಲಸವಿಲ್ಲ.

ಅವ್ವನಿಗೆ ಇದ್ಯಾವುದನ್ನೂ ನಾನು ಹೇಳಿಲ್ಲ. ಆದರೆ ಮೊನ್ನೆ ಎದುರು ಮನೆಯ ಅಜ್ಜಿ ಬಂದರು. ಅವ್ವ ಅಲ್ಲಿವರೆಗೂ ರೊಟ್ಟಿ ಬಡಿಯುತ್ತಿದ್ದಳು. ಚಪ್ಪಲಿ ಸದ್ದು ಕೇಳಿದ್ದೇ, ಒಲೆ ಸಣ್ಣ ಮಾಡಿ, ಹಿಟ್ಟಿನ ಕೈ ಸೆರಗಿಗೆ ಒರೆಸಿಕೊಂಡು, ಹೋಗಿ ಕೌದಿ ಹೊದ್ದು ಮಲಗಿದಳು. ಕೆಮ್ಮಿದಳು. "ಏನು ಹೇಳಲವ್ವ, ಎದ್ದು ಕೂಡಾಕೂ ಆಗವಲ್ಲದು. ಪಾಪ, ಕೆಲಸ ಬಿಟ್ಟು ಬಂದಾನ ಮಗ" ಅಂದಳು. ಅಜ್ಜಿ ಹೋದ ಮೇಲೆ ಎದ್ದು, ಕೈ ತೊಳೆದು, ಉಳಿದ ರೊಟ್ಟಿ ಬಡಿದಳು. ನನ್ನ ಮುಖ ನೋಡಲಿಲ್ಲ. ನಾನೂ ಅವಳ ಮುಖ ನೋಡಲಿಲ್ಲ. ಇಷ್ಟು ವರ್ಷದಿಂದ ಬಣ್ಣ ಹಚ್ಚುತ್ತಿದ್ದೇನೆ, ಅಂಥದೊಂದು ಕೆಮ್ಮು ನನ್ನಿಂದ ಬಂದಿಲ್ಲ. ಆವತ್ತು ರೊಟ್ಟಿ ಗಂಟಲಲ್ಲಿ ಇಳಿಯಲಿಲ್ಲ ಮಾರಾಯ.

ಇರಲಿ. ಇಷ್ಟೆಲ್ಲಾ ಬರೆಯುವವನಿದ್ದಿಲ್ಲ. ಕುರ್ಚಿ ವಿಷಯ ಬರೆದಿದ್ದರೆ ಜನ ನಗುತ್ತಿದ್ದರು, ಲೈಕೂ ಜಾಸ್ತಿ ಬೀಳುತ್ತಿದ್ದವು. ಇದನ್ನು ಓದುತ್ತಿರುವ ಮ್ಯಾನೇಜರ್ ಬಂಧುಗಳೇ, ಡೇಟ್ಸ್ ಇವೆ. ಅಪ್ಪ, ಚಿಕ್ಕಪ್ಪ, ಊರಿನ ಗೌಡ, "ಇನ್ನೇನಿದ್ದರೂ ದೇವರ ಕೈಲಿದೆ" ಅನ್ನುವ ಡಾಕ್ಟರ್, ಯಾವುದಕ್ಕೂ ಸೈ. ಜುಬ್ಬಾ, ಕನ್ನಡಕ, ಸ್ಟೆತಸ್ಕೋಪ್ ಸ್ವಂತದ್ದು. ಹುಬ್ಬಳ್ಳಿ ಬೇಕೆಂದರೆ ಹಾಕುತ್ತೇನೆ, ಬೇಡವೆಂದರೆ ತೆಗೆಯುತ್ತೇನೆ. ಫೋಟೋ ಮಾತ್ರ ಕೇಳಬೇಡಿ.

ದೋಸ್ತ, ನಿನಗೊಂದು ಕೆಲಸ. ನಂಬರ್ ಮತ್ತೆ ಇಳಿದರೆ ಸತ್ತ ಅಪ್ಪನಿಗೆ ದುಬೈನಲ್ಲಿ ಒಬ್ಬ ಅವಳಿ ತಮ್ಮ ಇದ್ದ ಅಂತ ಟ್ರ್ಯಾಕ್ ಬರಬಹುದು. ನಮ್ಮಲ್ಲಿ ಆಗದ್ದೇನೂ ಇಲ್ಲ. ಅದಕ್ಕೆ ಈಗಿನಿಂದಲೇ ಗಡ್ಡ ಬಿಟ್ಟಿದ್ದೇನೆ. ಅವ್ವ ದಿನಾ ಬೈಯುತ್ತಾಳೆ. ತಲೆಗೆ ಮಾತ್ರ ಏನಾದರೂ ಬೇಕು. ಕಂಪನಿ ಬಿಡುವಾಗ ನೀನು ಟ್ರಂಕಿನಲ್ಲಿ ಹಾಕಿಕೊಂಡು ಹೋದ ಆ ಗುಂಗುರು ವಿಗ್ ಇನ್ನೂ ಇದ್ದರೆ ಗದಗ ಬಸ್ಸಿನ ಕಂಡಕ್ಟರ್ ಕೈಯಲ್ಲಿ ಕೊಟ್ಟು ಕಳಿಸು. ತೊಳೆದು ಕಳಿಸು. ಅದರೊಳಗೆ ಏನಿತ್ತು ಅಂತ ನನಗೆ ನೆನಪಿದೆ.

ನಿನ್ನ,
ಆಕಿ ಅಪ್ಪ