ಥಾರ್ಪ್ ಒಬ್ಬನೇ ಅಲ್ಲ, ಆ ಟೀಮಿನ ಹುಡುಗ್ರ ಬಗ್ಗೆನೂ ಬರೀರಿ

ಸಂಪಾದಕರಿಗೆ ನಮಸ್ಕಾರ,

ಹೋದ ಭಾನುವಾರದ ಪುರವಣಿಲಿ ಅಮೆರಿಕದ ಕ್ರೀಡಾಪಟು ಜಿಮ್ ಥಾರ್ಪ್ ಬಗ್ಗೆ ಲೇಖನ ಓದ್ದೆ. 1912ರ ಸ್ಟಾಕ್‌ಹೋಮ್ ಒಲಿಂಪಿಕ್ಸಲ್ಲಿ ಐದು ಸ್ಪರ್ಧೆ ಸೇರಿದ ಪೆಂಟಾಥ್ಲಾನ್, ಹತ್ತು ಸ್ಪರ್ಧೆ ಸೇರಿದ ಡೆಕಾಥ್ಲಾನ್ ಎರಡರಲ್ಲೂ ಚಿನ್ನ ಗೆದ್ದಿದ್ದು, ಅದಕ್ಕೆ ಮುಂಚೆ ಬೇಸ್‌ಬಾಲ್ ಆಡಿ ಚೂರು ಕಾಸು ಇಸ್ಕೊಂಡಿದ್ದ, ದುಡ್ಡಿಗೆ ಆಡಿದೋರು ಆಗ ಒಲಿಂಪಿಕ್ಸಿಗೆ ಬರಂಗಿಲ್ಲ ಅಂತ 1913ರಲ್ಲಿ ಪದಕ ಕಿತ್ಕೊಂಡಿದ್ದು, 2022ರಲ್ಲಿ ಕೊನೆಗೂ ಅವನೊಬ್ಬನೇ ವಿಜೇತ ಅಂತ ಒಪ್ಕೊಂಡಿದ್ದು, ಎಲ್ಲಾ ಚೆನ್ನಾಗಿ ಬರ್ದಿದ್ದಾರೆ. ಆದ್ರೆ ಅವನ ಫುಟ್ಬಾಲ್ ಬಗ್ಗೆ ಇದ್ದಿದ್ದು ಒಂದೇ ಸಾಲು, ಕಾರ್ಲೈಲ್ ಅನ್ನೋ ಶಾಲೆಲಿ ಫುಟ್ಬಾಲೂ ಆಡ್ತಿದ್ದ ಅಂತ. ನಾನು ಹೈಸ್ಕೂಲಲ್ಲಿ ಪಿ.ಟಿ. ಮೇಷ್ಟ್ರಾಗಿದ್ದವನು, ಈ ಟೀಮಿನ ಬಗ್ಗೆ ವರ್ಷಗಟ್ಟಲೆ ಸಿಕ್ಕಿದ್ದೆಲ್ಲ ಓದ್ಕೊಂಡು ಬಂದವನು, ಆ ಒಂದು ಸಾಲು ನೋಡಿ ಸುಮ್ನಿರೋಕಾಗ್ಲಿಲ್ಲ, ಅದಕ್ಕೇ ಬರೀತಿದೀನಿ.

ಮೊದ್ಲು ಆ ಶಾಲೆ ಎಂಥದ್ದು ಅಂತ ಹೇಳ್ಬೇಕು. ಪೆನ್ಸಿಲ್ವೇನಿಯಾದ ಕಾರ್ಲೈಲ್ ಊರಲ್ಲಿ ಹಳೇ ಮಿಲಿಟರಿ ಬ್ಯಾರಕ್ಸ್ ಇತ್ತು, 1879ರಲ್ಲಿ ರಿಚರ್ಡ್ ಹೆನ್ರಿ ಪ್ರಾಟ್ ಅನ್ನೋ ಸೈನ್ಯದ ಆಫೀಸರ್ ಅಲ್ಲಿ ಅಮೆರಿಕದ ಮೂಲನಿವಾಸಿ ಮಕ್ಕಳಿಗೆ ಅಂತ ಬೋರ್ಡಿಂಗ್ ಸ್ಕೂಲ್ ಶುರು ಮಾಡ್ದ. ಬಂದ ಮಗೂಗೆ ಮೊದ್ಲು ಕೂದ್ಲು ಕತ್ತರಿಸೋದು, ಹೆಸರು ಬದಲಾಯಿಸೋದು, ಮನೆ ಮಾತು ಆಡಂಗಿಲ್ಲ. ಬೇಸಿಗೆ ರಜಕ್ಕೆ ಊರಿಗೆ ಕಳಿಸೋ ಬದ್ಲು ಎಷ್ಟೋ ಮಕ್ಕಳನ್ನ ಬಿಳಿಯರ ಹೊಲ ಮನೆಗಳಲ್ಲಿ ಕೆಲಸಕ್ಕೆ ಬಿಡೋರು. ನಮ್ಮ ಶಾಲೆ ಪಕ್ಕದಲ್ಲೂ ಹಾಸ್ಟೆಲ್ ಇತ್ತು, ಭಾನುವಾರ ಅಪ್ಪ ಅಮ್ಮ ರೊಟ್ಟಿ ಕಟ್ಕೊಂಡು ಬರ್ತಾರೆ ಅಂತ ಹುಡುಗ್ರು ಬೆಳಿಗ್ಗೆಯಿಂದ ಗೇಟ್ ಹತ್ರಾನೇ ಕಾಯೋರು, ಅದನ್ನ ಕಣ್ಣಾರೆ ಕಂಡವನಿಗೆ ಕಾರ್ಲೈಲ್ ಮಕ್ಕಳ ಕಥೆ ಓದಿದ್ರೆ ಹೊಟ್ಟೆ ಕಿವುಚಿದ ಹಾಗಾಗುತ್ತೆ. ಅಲ್ಲಿ ಸತ್ತ ಮಕ್ಕಳ ಸಮಾಧಿಗಳೇ ನೂರೈವತ್ತಕ್ಕೂ ಹೆಚ್ಚಿದ್ವು. 2017ರಿಂದ ಈಚೆಗೆ ಒಂದೊಂದಾಗಿ ಅವಶೇಷ ತೆಗೆದು ಅವರವರ ಜನಕ್ಕೆ ಒಪ್ಪಿಸ್ತಿದಾರೆ.

ಇಂಥಾ ಜಾಗದಿಂದ ಬಂದ ಹುಡುಗ್ರು 1911ರಲ್ಲಿ ಹನ್ನೆರಡು ಮ್ಯಾಚ್ ಆಡಿ ಹನ್ನೊಂದು ಗೆದ್ರು. ಇದು ನಮ್ಮ ಕಾಲ್ಚೆಂಡಲ್ಲ, ಚೆಂಡನ್ನ ಕಂಕುಳಲ್ಲಿ ಇಟ್ಕೊಂಡು ನುಗ್ಗೋ ಅಮೆರಿಕನ್ ಫುಟ್ಬಾಲು. ಕೋಚು ಪಾಪ್ ವಾರ್ನರ್, ಕ್ಯಾಪ್ಟನ್ ಸ್ಯಾಮ್ ಬರ್ಡ್, ಥಾರ್ಪ್ ಅಲ್ಲ. ದೊಡ್ಡ ಮ್ಯಾಚ್‌ಗಳಿಗೆಲ್ಲ ಹೆಚ್ಚುಕಮ್ಮಿ ರೈಲು ಹತ್ತಿ ಎದುರಾಳಿ ಊರಿಗೇ ಹೋಗ್ಬೇಕು. ಜಾರ್ಜ್‌ಟೌನ್ ಮೇಲೆ 28-5, ಪಿಟ್ಸ್‌ಬರ್ಗ್ ಮೇಲೆ 17-0. ಪೆನ್ಸಿಲ್ವೇನಿಯಾ ಯೂನಿವರ್ಸಿಟಿ ಮ್ಯಾಚಿಗೆ ಥಾರ್ಪ್ ಕಾಲು ಏಟಾಗಿ ಹೊರಗೆ ಕೂತಿದ್ದ, ಆದ್ರೂ 16-0. ಒಬ್ಬನ ಟೀಮು ಅನ್ನೋರು ಈ ಒಂದು ಸ್ಕೋರ್ ನೋಡ್ಬೇಕು.

ಆಮೇಲಿಂದು ನವೆಂಬರ್ 11, ಹಾರ್ವರ್ಡ್. ಅಮೆರಿಕದ ಶ್ರೀಮಂತರ ಮಕ್ಕಳು ಓದೋ ಕಾಲೇಜು, ಅವರದೇ ಕಾಂಕ್ರೀಟ್ ಸ್ಟೇಡಿಯಂ. ಅವರ ಕೋಚ್ ಪರ್ಸಿ ಹಾಟನ್ ಇವರಿಗೆ ಎರಡನೇ ಸಾಲಿನವರೇ ಸಾಕು ಅಂತ ಮುಖ್ಯ ಆಟಗಾರರನ್ನ ಶುರುನಲ್ಲಿ ಇಳಿಸಲೇ ಇಲ್ಲ. ಥಾರ್ಪ್ ಕಾಲಿಗೆ ಬ್ಯಾಂಡೇಜ್ ಸುತ್ಕೊಂಡೇ ಆಡ್ದ. ಆಗಿನ ರೂಲ್ಸಲ್ಲಿ ಟಚ್‌ಡೌನ್‌ಗೆ, ಅಂದ್ರೆ ಚೆಂಡನ್ನ ಎದುರಾಳಿ ಗೆರೆ ದಾಟಿಸಿದ್ರೆ, 5 ಪಾಯಿಂಟು, ಅದರ ಮೇಲಿನ ಒದೆತಕ್ಕೆ 1, ಫೀಲ್ಡ್ ಗೋಲಿಗೆ, ಅಂದ್ರೆ ಆಟದ ನಡುವೆ ಚೆಂಡನ್ನ ಗೋಲಿನ ಎರಡು ಕಂಬದ ಮಧ್ಯೆ ಒದ್ರೆ, 3. ಥಾರ್ಪ್ ಆ ನೋಯೋ ಕಾಲಲ್ಲಿ ನಾಲ್ಕು ಫೀಲ್ಡ್ ಗೋಲ್ ಹೊಡೆದ, ಅಲ್ಲಿಗೇ 12 ಆಯ್ತು, ಒಂದು ಟಚ್‌ಡೌನ್ ಅದರ ಒದೆತ ಸೇರಿ 18. ಆಟ ಕೈ ಮೀರ್ತಿದೆ ಅಂತ ಹಾರ್ವರ್ಡ್‌ನೋರು ಮುಖ್ಯ ಆಟಗಾರರನ್ನ ಇಳಿಸಿದ್ರೂ 15ಕ್ಕೇ ನಿಂತ್ರು. ನಾಲ್ಕು ಗೋಲು ಹೊಡೆದಿದ್ದು ಥಾರ್ಪ್ ಕಾಲು ಹೌದು, ಆದ್ರೆ ಅವನು ಒದೆಯೋವರೆಗೂ ಮೈಮೇಲೆ ಬೀಳೋರನ್ನ ತಡ್ಕೊಂಡು ನಿಂತೋರು ಯಾರು? ಪವೆಲ್, ನ್ಯೂವಾಶಿ ಥರದ ಹುಡುಗ್ರು. ಟೀಮ್ ಕಟ್ಟಿದೋರಿಗೆ ಇದು ಗೊತ್ತಿರುತ್ತೆ.

ಮುಂದಿನ ವಾರ ಕೆಸರು ಮೈದಾನದಲ್ಲಿ ಸಿರಕ್ಯೂಸ್ ಎದುರು 12-11, ಒಂದೇ ಪಾಯಿಂಟಲ್ಲಿ ಸೋತ್ರು. ಇಡೀ ಸೀಸನ್ನಿಗೆ ಸೋಲು ಅಂತ ಇದೊಂದೇ. ಬೇಜಾರು ಮಾಡ್ಕೊಂಡು ಕೂರ್ಲಿಲ್ಲ, ತಿಂಗಳ ಕೊನೆಗೆ ಬ್ರೌನ್ ಮೇಲೆ 12-6 ಗೆದ್ದು ಮುಗಿಸಿದ್ರು, ಮುಂದಿನ ವರ್ಷಕ್ಕೆ ಥಾರ್ಪ್‌ನ ಕ್ಯಾಪ್ಟನ್ ಮಾಡ್ಕೊಂಡಿದ್ದೂ ಆ ಹುಡುಗ್ರೇ.

ಈ ಟೀಮಿನ ಕ್ವಾರ್ಟರ್‌ಬ್ಯಾಕ್, ಅಂದ್ರೆ ಮೈದಾನದಲ್ಲಿ ಆಟ ನಡೆಸೋನು, ಗಸ್ ವೆಲ್ಚ್ ಬಗ್ಗೆಯಂತೂ ನೀವು ಬೇರೆ ಲೇಖನಾನೇ ಹಾಕ್ಬೇಕು. ಫುಟ್ಬಾಲಿಂದ ಬರ್ತಿದ್ದ ಟಿಕೆಟ್ ದುಡ್ಡು ಎಲ್ಲಿಗೆ ಹೋಗ್ತಿದೆ, ಮಕ್ಕಳನ್ನ ಹೇಗೆ ನಡೆಸ್ಕೋತಿದಾರೆ ಅಂತ ವಿಚಾರಣೆ ಆಗ್ಲಿ ಅಂತ ವಿದ್ಯಾರ್ಥಿಗಳ ಸಹಿ ಹಾಕಿಸಿ ಅರ್ಜಿ ಕೊಟ್ಟೋರಲ್ಲಿ ಅವನೇ ಮುಂದೆ ಇದ್ದ, 1914ರಲ್ಲಿ ಅಮೆರಿಕದ ಸಂಸತ್ತಿನ ಸಮಿತಿನೇ ಕಾರ್ಲೈಲಿಗೆ ಬಂದು ವಿಚಾರಣೆ ಮಾಡ್ತು. ತನ್ನನ್ನ ಹೀರೋ ಮಾಡಿದ ಕೋಚ್ ವಾರ್ನರ್ ವಿರುದ್ಧಾನೇ ಒಬ್ಬ ಹುಡುಗ ಹಾಗೆ ನಿಲ್ಲೋದು ಅಂದ್ರೆ ಹಾರ್ವರ್ಡ್ ಗೆದ್ದಿದ್ದಕ್ಕಿಂತ ದೊಡ್ಡದು ಅಂತ ನನ್ನ ಅಭಿಪ್ರಾಯ. 1918ರಲ್ಲಿ ಶಾಲೆನೇ ಮುಚ್ಚೋಯ್ತು.

ಇನ್ನೊಂದು ವಿಷ್ಯ ಸರ್. ಲೇಖನದ ಉದ್ದಕ್ಕೂ "ರೆಡ್ ಇಂಡಿಯನ್" ಅಂತ ಹಾಕಿದೀರಿ. ನಮ್ಮ ಕಾಲದ ಪಾಠದ ಪುಸ್ತಕದಲ್ಲೂ ಹಾಗೇ ಇತ್ತು, ನಾನೂ ಮಕ್ಕಳಿಗೆ ಹಾಗೇ ಹೇಳಿಕೊಟ್ಟಿದೀನಿ, ಅದು ತಪ್ಪು. ಅವರು ಒಂದೇ ಜನ ಅಲ್ಲ, ಒಬ್ಬೊಬ್ಬರದು ಒಂದೊಂದು ನಾಡು ಒಂದೊಂದು ನುಡಿ, ಆ ಶಾಲೆ ಅಳಿಸೋಕೆ ನೋಡಿದ್ದೇ ಅದನ್ನ. ಹೋದ ವಾರದ ಲೇಖನಕ್ಕೆ ತಿದ್ದುಪಡಿ ಹಾಕೋದಾದ್ರೆ ದಯವಿಟ್ಟು ಒಬ್ಬೊಬ್ಬರ ಜೊತೆ ಅವರವರ ಜನದ ಹೆಸರು ಸೇರಿಸಿ ಹೀಗೆ ಹಾಕಿ: ಥಾರ್ಪ್ ಮತ್ತು ನ್ಯೂವಾಶಿ, ಸ್ಯಾಕ್ ಅಂಡ್ ಫಾಕ್ಸ್. ವೆಲ್ಚ್, ಒಜಿಬ್ವೆ. ಪವೆಲ್, ಚೆರೋಕಿ. ಅದೇ ಟೀಮಿನ ಅರ್ಕಾಸಾ, ಕಾಲ್‌ವಿಲ್.

ಇತಿ,
ಒಬ್ಬ ನಿವೃತ್ತ ಪಿ.ಟಿ. ಮೇಷ್ಟ್ರು, ದಾವಣಗೆರೆ