ವಾಯಿದೆಗಳ ನಡುವೆ ಸವೆಯುತ್ತಿರುವ ಸಾಕ್ಷ್ಯ: ಕಾನೂನು ಸಚಿವರಿಗೊಂದು ಬಹಿರಂಗ ಪತ್ರ

ಕಾನೂನು ಮತ್ತು ಸಂಸದೀಯ ವ್ಯವಹಾರಗಳ ಸಚಿವರು,
ಕರ್ನಾಟಕ ಸರ್ಕಾರ, ಬೆಂಗಳೂರು

ಮಾನ್ಯರೇ,

ಹಳೆಯ ಕ್ರಿಮಿನಲ್ ಪ್ರಕರಣವೊಂದನ್ನು ಇಂತಿಷ್ಟು ತಿಂಗಳೊಳಗೆ ಮುಗಿಸಬೇಕೆಂದು ಹೈಕೋರ್ಟ್ ಸೂಚಿಸಿದ ಸುದ್ದಿ ಓದಿದಾಗಲೆಲ್ಲ ನಮ್ಮಂಥವರಿಗೆ ಸಮಾಧಾನವಾಗುತ್ತದೆ. ಆದರೆ ಆ ಸೂಚನೆ ನಡೆಯಬೇಕಾದರೆ ಬೇಕಾಗುವ ಸರ್ಕಾರಿ ಅಭಿಯೋಜಕರು (ಪಿಪಿ), ಪ್ರಯೋಗಾಲಯದ ವರದಿ, ಬೆಂಗಾವಲು ಪೊಲೀಸರು (ಎಸ್ಕಾರ್ಟ್) ಇರುವುದು ಸರ್ಕಾರದ ಕೈಯಲ್ಲಿ. ಆದ್ದರಿಂದ ಈ ಪತ್ರವನ್ನು ತಮಗೆ ಬರೆಯುತ್ತಿದ್ದೇನೆ.

ನಮ್ಮೂರಿನ ಕೊಲೆ ಪ್ರಕರಣವೊಂದರಲ್ಲಿ ನಾನು ಪಂಚ, ಎಂದರೆ ಪೊಲೀಸರು ವಸ್ತುಗಳನ್ನು ವಶಪಡಿಸಿಕೊಂಡು ಬರೆದ ಮಹಜರಿನ ಸಾಕ್ಷಿ. ಮಹಜರಿಗೆ ಸಹಿ ಹಾಕಿ ಏಳು ವರ್ಷ ಕಳೆದ ಮೇಲೆ ನನಗೆ ಸಮನ್ಸ್ ಬಂತು. ಮೊದಲ ವಾಯಿದೆಯ (ವಿಚಾರಣೆಯ) ದಿನ ಜೈಲಿನಲ್ಲಿದ್ದ ಆರೋಪಿಯನ್ನು ಕರೆತರಲು ಎಸ್ಕಾರ್ಟ್ ಸಿಕ್ಕಿರಲಿಲ್ಲ; ಎರಡನೆಯ ಸಲ ಪಿಪಿಯವರು ಇನ್ನೊಂದು ಕೋರ್ಟಿನ ಪ್ರಭಾರದಲ್ಲಿದ್ದರು. ಮೂರನೆಯ ಸಲ ಕಟಕಟೆಯಲ್ಲಿ ನಿಂತಾಗ ಬಟ್ಟೆಯ ಗಂಟು ಬಿಚ್ಚಿ, ಅರಗಿನ ಮೊಹರು ಒಡೆದು, ತುಕ್ಕು ಹಿಡಿದ ಕುಡುಗೋಲೊಂದನ್ನು ನನ್ನ ಮುಂದಿಟ್ಟರು. ಅದಕ್ಕೆ ಅಂಟಿಸಿದ್ದ ಚೀಟಿಯಲ್ಲಿ ನನ್ನ ಸಹಿಯ ಅರ್ಧ ಭಾಗ ಮಾಸಿಹೋಗಿತ್ತು. ಪಾಟಿ ಸವಾಲಿನಲ್ಲಿ ಆರೋಪಿಯ ಪರ ವಕೀಲರು ಮಹಜರು ಬರೆದವರು ಯಾರು, ಎಷ್ಟು ಗಂಟೆಗೆ, ಎಲ್ಲಿ ಕುಳಿತು ಬರೆದರು ಎಂದು ಕೇಳಿದರು. ನೆನಪಿಲ್ಲ ಎಂದೆ, ಅದು ನಿಜವಾಗಿತ್ತು. ಆದರೆ ನನ್ನ ಮರೆವಿನ ಲಾಭ ಯಾರಿಗೆ, ನಷ್ಟ ಯಾರಿಗೆ ಎಂಬ ಸಂಕಟ ಇಂದಿಗೂ ಹೋಗಿಲ್ಲ. ಹೊರಗೆ ಮೆಟ್ಟಿಲ ಮೇಲೆ ಕುಳಿತಿದ್ದ ಇನ್ನೊಬ್ಬ ಸಾಕ್ಷಿ, ಕೂಲಿ ಮಾಡುವ ಹೆಂಗಸು, ಮೂರೂ ದಿನದ ಕೂಲಿ ಬಿಟ್ಟು ಬಂದಿದ್ದರು. ಅವರ ಸರದಿ ಅಂದೂ ಬರಲಿಲ್ಲ.

ಇದಕ್ಕೆ ಕಾನೂನಿನ ಕೊರತೆ ಕಾರಣವಲ್ಲ. ಶೀಘ್ರ ವಿಚಾರಣೆ, ಜೀವ ಮತ್ತು ವೈಯಕ್ತಿಕ ಸ್ವಾತಂತ್ರ್ಯದ ಹಕ್ಕನ್ನು ಕೊಡುವ ಸಂವಿಧಾನದ 21ನೇ ವಿಧಿಯ ಭಾಗವೆಂದು ಸುಪ್ರೀಂ ಕೋರ್ಟ್ 1979ರಲ್ಲೇ, ಬಿಹಾರದ ವಿಚಾರಣಾಧೀನ ಕೈದಿಗಳ ಹುಸೇನಾರಾ ಖಾತೂನ್ ಪ್ರಕರಣದಲ್ಲಿ ಹೇಳಿತು. ಹಣವಿಲ್ಲ, ಆಡಳಿತದ ಅನುಕೂಲವಿಲ್ಲ ಎಂಬ ನೆಪದಿಂದ ಸರ್ಕಾರ ಈ ಹೊಣೆಯನ್ನು ತಪ್ಪಿಸಿಕೊಳ್ಳಲಾಗದೆಂದೂ ಹೇಳಿತು. ಮುಂದೆ ವಿಚಾರಣೆಗೆ ಗಡುವು ಹಾಕಿ, ಅದು ಮೀರಿದ ಪ್ರಕರಣಗಳನ್ನು ಮುಕ್ತಾಯಗೊಳಿಸುವ ಆದೇಶಗಳೂ ಬಂದವು. ಅವು ಊರ್ಜಿತವಾಗಿ ಉಳಿಯಲಿಲ್ಲ. ಮಂಗಳೂರು ನಗರಪಾಲಿಕೆಯ ನೌಕರರೊಬ್ಬರ ಮೇಲಿನ ಅಕ್ರಮ ಆಸ್ತಿ ಪ್ರಕರಣದಲ್ಲಿ 1994ರಲ್ಲೇ ಆರೋಪಪಟ್ಟಿ ಸಲ್ಲಿಕೆಯಾಗಿದ್ದರೂ 1999ರವರೆಗೆ ಸಾಕ್ಷಿ ವಿಚಾರಣೆ ಶುರುವಾಗದೆ, ಗಡುವಿನ ಕಾರಣಕ್ಕೇ ಅವರ ಬಿಡುಗಡೆಯಾಯಿತು. ಅದೇ ಮೊಕದ್ದಮೆ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠದ ಮುಂದೆ ಬಂದು, ಎಲ್ಲ ಪ್ರಕರಣಗಳಿಗೂ ಒಂದೇ ಗಡುವು ಸಲ್ಲದೆಂದು 2002ರ ಏಪ್ರಿಲ್ 16ರಂದು ತೀರ್ಪಾಯಿತು. ನ್ಯಾಯಾಧೀಶರ ಸಂಖ್ಯೆ ಸಾಲದಿರುವುದೇ ವಿಳಂಬದ ಮೂಲವೆಂದು ಆ ತೀರ್ಪು ಗುರುತಿಸಿತು. ಬೇರೆ ನ್ಯಾಯಾಲಯಗಳಲ್ಲಿರುವ ಪ್ರಕರಣಗಳಿಗೆ ಕಾಲಮಿತಿ ಹೇರುವುದು ತೀರಾ ಅಪರೂಪಕ್ಕೆ ಮಾತ್ರ ಎಂದು 2024ರ ಫೆಬ್ರುವರಿ 29ರಂದು ಸಂವಿಧಾನ ಪೀಠವೂ ಹೇಳಿದೆ. ಹಾಗಿರುವಾಗ ಮೇಲಿನ ನ್ಯಾಯಾಲಯ ಗಡುವು ಕೊಡಲಿ ಎಂದು ಸರ್ಕಾರ ಕಾದು ಕೂರುವುದು ಸರಿಯಲ್ಲ.

2017ರಲ್ಲಿ ಹತ್ಯೆಯಾದ ಗೌರಿ ಲಂಕೇಶ್ ಪ್ರಕರಣದ ವಿಚಾರಣೆ ಶುರುವಾದದ್ದು 2022ರಲ್ಲಿ. ಆರೋಪಪಟ್ಟಿಯಲ್ಲಿದ್ದ ಸಾಕ್ಷಿಗಳು 500ಕ್ಕೂ ಹೆಚ್ಚು. ವಿಚಾರಣೆ ಬೇಗ ಮುಗಿಯುವಂತಿಲ್ಲವೆಂಬ ಕಾರಣವನ್ನೂ ಪರಿಗಣಿಸಿ ಹೈಕೋರ್ಟ್ 2023ರ ಡಿಸೆಂಬರ್‌ನಲ್ಲಿ ಆರೋಪಿಯೊಬ್ಬರಿಗೆ ಜಾಮೀನು ನೀಡಿತು. ನ್ಯಾಯಾಲಯವನ್ನು ನಾನು ದೂರಲಾರೆ. ತೀರ್ಪಿಲ್ಲದೆ ವರ್ಷಗಟ್ಟಲೆ ಯಾರನ್ನೂ ಕೂಡಿಹಾಕುವಂತಿಲ್ಲ. ಆದರೆ ಸತ್ತವರ ಮನೆಯವರೂ ಅಷ್ಟೇ ವರ್ಷ ಕಾಯುತ್ತಿದ್ದಾರೆ.

2024ರ ಜುಲೈ 1ರಿಂದ ಜಾರಿಯಲ್ಲಿರುವ, ಕ್ರಿಮಿನಲ್ ಪ್ರಕರಣಗಳ ತನಿಖೆ-ವಿಚಾರಣೆಯ ಕ್ರಮ ಹೇಳುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 346ನೇ ಕಲಮು, ಕೈಮೀರಿದ ಕಾರಣವಿದ್ದರೂ ಎರಡಕ್ಕಿಂತ ಹೆಚ್ಚು ಮುಂದೂಡಿಕೆ ಕೊಡಬಾರದೆನ್ನುತ್ತದೆ. ಏಳು ವರ್ಷ ಅಥವಾ ಹೆಚ್ಚಿನ ಶಿಕ್ಷೆಯ ಅಪರಾಧಗಳಲ್ಲಿ ವಿಧಿವಿಜ್ಞಾನ ತಜ್ಞರು ಸ್ಥಳಕ್ಕೆ ಬರಬೇಕೆಂಬ ನಿಯಮವೂ ಅದರಲ್ಲಿದೆ. ಎಂದರೆ ವಿಧಿವಿಜ್ಞಾನ ಪ್ರಯೋಗಾಲಯಕ್ಕೆ (ಎಫ್‌ಎಸ್‌ಎಲ್) ಹೋಗುವ, ವಶಪಡಿಸಿಕೊಂಡ ಮುದ್ದೆಮಾಲು ಇನ್ನೂ ಹೆಚ್ಚುತ್ತದೆ. ಸಿಬ್ಬಂದಿ ಹೆಚ್ಚದಿದ್ದರೆ ವರದಿ ತಡವಾಗಿ, ಕಾನೂನಿನ ಈ ಎರಡು ಮಾತುಗಳು ಒಂದಕ್ಕೊಂದು ಅಡ್ಡ ಬರುತ್ತವೆ.

ತಾವು ಗೃಹ ಸಚಿವರೊಡನೆ ಕುಳಿತು, ಪ್ರತಿ ಜಿಲ್ಲೆಯಲ್ಲಿ ಪಿಪಿ ಇಲ್ಲದೆ, ವರದಿ ಬಾರದೆ, ಎಸ್ಕಾರ್ಟ್ ಸಿಗದೆ ಎಷ್ಟು ವಾಯಿದೆಗಳು ಮುಂದೆ ಹೋದವು ಎಂಬ ಲೆಕ್ಕವನ್ನು ಮೂರು ತಿಂಗಳಿಗೊಮ್ಮೆ ಪ್ರಕಟಿಸಬೇಕು, ಖಾಲಿ ಹುದ್ದೆಗಳನ್ನು ತುಂಬಬೇಕು, ಸಾಕ್ಷಿಗಳ ಭತ್ಯೆಯನ್ನು ಅದೇ ದಿನ ಕೈಗೆ ಕೊಡಿಸಬೇಕು ಎಂದು ವಿನಂತಿಸುತ್ತೇನೆ. ನಾನು ಸಾಕ್ಷಿ ಹೇಳಿದ ಆ ಪ್ರಕರಣದಲ್ಲಿ ತನಿಖಾಧಿಕಾರಿಯ ವಿಚಾರಣೆ ಇನ್ನೂ ಬಾಕಿಯಿದೆ.

ಇಂತಿ ತಮ್ಮ ವಿಶ್ವಾಸಿ,
ಒಬ್ಬ ಪಂಚ ಸಾಕ್ಷಿ